ಎರಡು ಗಂಟೆಯ ಬಸ್ಸಿಗೆ ಹೋದ ಸುದ್ದಿ

ನಮ್ಮ ಮನೆಯಲ್ಲಿ ಪೇಪರಿನ ಮೇಲೆ ಕಾಲಿಟ್ಟರೆ ಬೆನ್ನಿಗೆ ಗುದ್ದು ಬೀಳುತ್ತಿತ್ತು. ಹಳೆಯ ಪೇಪರಿನಲ್ಲಿ ಭಜಿ ಕಟ್ಟುವಂತಿರಲಿಲ್ಲ, ಡಬ್ಬಿಗಳ ಕೆಳಗೆ ಹಾಸುವಂತಿರಲಿಲ್ಲ, ಕೂಸಿನ ಹೇಲು ಬಳಿಯುವುದಂತೂ ದೂರದ ಮಾತು. ಇಳಕಲ್ಲಿನ ಉಳಿದ ಮನೆಗಳಲ್ಲಿ ಪೇಪರು ಒಂದು ದಿನ ಬಾಳಿ ಮರುದಿನ ಒಲೆಗೆ ಹೋಗುತ್ತಿತ್ತು. ನಮ್ಮಲ್ಲಿ ಅದು ಜೋಳದ ಚೀಲಗಳಿದ್ದ ಕೋಣೆಗೆ ಹೋಗುತ್ತಿತ್ತು. ವರ್ಷದಿಂದ ವರ್ಷಕ್ಕೆ ಕಟ್ಟುಗಳು ಬೆಳೆದು, ಜೋಳದ ಚೀಲಗಳು ಅಲ್ಲಿಂದ ಹೊರಬಿದ್ದು, ಪಡಸಾಲೆಯಲ್ಲಿ ಅವ್ವನ ಮಗ್ಗದ ಪಕ್ಕಕ್ಕೆ ಬಂದು ಕುಳಿತವು. ಅವ್ವ ಮಗ್ಗದ ಕುಣಿಗೆ ಇಳಿಯಬೇಕೆಂದರೆ ಚೀಲ ಹತ್ತಿ ಇಳಿಯಬೇಕು. ತಿನ್ನುವ ಕಾಳಿಗಿಂತ ಓದಿ ಮುಗಿದ ಕಾಗದ ದೊಡ್ಡದಾಗಿದ್ದ ಆ ಮನೆಯಲ್ಲಿ ನಾನು ಹುಟ್ಟಿದೆ. ಈಗ ಜನ ನನ್ನ ಮುಂದೆ ಕೂತು, ಆಗಿನ ಪೇಪರೆಂದರೆ ಪೇಪರು, ಒಂದು ಅಕ್ಷರ ಸುಳ್ಳಿರುತ್ತಿರಲಿಲ್ಲ ಎಂದು ಕಣ್ಣು ತೇವ ಮಾಡಿಕೊಂಡರೆ ನನಗೆ ಮೈ ಉರಿಯುತ್ತದೆ. ಸುಳ್ಳು ಎಷ್ಟು ಸಲೀಸಾಗಿ, ಎಷ್ಟು ಒಳ್ಳೆಯ ಕನ್ನಡದಲ್ಲಿ ಬಸ್ಸು ಹತ್ತುತ್ತಿತ್ತು ಎನ್ನುವುದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಅಪ್ಪ ಆ ಪೇಪರಿನ ಏಜೆಂಟ್ ಮತ್ತು ಬಾತ್ಮೀದಾರ. ವರದಿಗಾರ ಎನ್ನುವ ಮಾತು ನಮ್ಮ ಕಡೆ ಆಗಿನ್ನೂ ನಾಲಗೆಗೆ ಹತ್ತಿರಲಿಲ್ಲ. ಬಾಗಿಲ ಪಕ್ಕದ ಗೋಡೆಗೆ ಪೇಪರಿನ ಹೆಸರು ಬರೆದ ತಗಡಿನ ಬೋರ್ಡು ಹೊಡೆದಿದ್ದರು. ಅದರ ಕೆಳಗೆ ಹಾಯ್ದು ಹೋಗುವಾಗ ಊರಿನ ದೊಡ್ಡವರೂ ದನಿ ತಗ್ಗಿಸುತ್ತಿದ್ದರು. ಪೇಪರು ಬಹಳ ಹಳೆಯದು. ಪರಂಗಿಯವರ ಕಾಲದಲ್ಲಿ ಅದನ್ನು ಬಚ್ಚಿಟ್ಟು ಓದುತ್ತಿದ್ದರಂತೆ, ಕನ್ನಡ ಮಾತಾಡುವವರೆಲ್ಲ ಒಂದೇ ರಾಜ್ಯದಲ್ಲಿರಬೇಕೆಂದು ಅದು ಬರೆದದ್ದನ್ನು ಕಟ್ಟೆಯ ಮೇಲೆ ನಿಂತು ಗಟ್ಟಿಯಾಗಿ ಓದಿ ಹೇಳುತ್ತಿದ್ದರಂತೆ. ಅದೆಲ್ಲ ಖರೆಯೇ ಇರಬೇಕು, ನಾನು ಅಲ್ಲಗಳೆಯುವುದಿಲ್ಲ. ಆದರೆ ಆ ಹಳೆಯ ಪುಣ್ಯದ ಬಡ್ಡಿಯನ್ನು ನಮ್ಮ ಕಾಲದವರು ಕೂತು ತಿಂದರು. ಹುನಗುಂದದ ಕಚೇರಿಯಲ್ಲಿ ಅರ್ಜಿ ಕೊಳೆಯುತ್ತಿದ್ದರೆ ಅಪ್ಪ ಬರೆದ ನಾಲ್ಕು ಸಾಲಿಗೆ ಅದು ಎದ್ದು ಓಡಾಡುತ್ತಿತ್ತು. ದವಾಖಾನೆಯ ಡಾಕ್ಟರು ಅಪ್ಪನನ್ನು ಕಂಡರೆ ಕುರ್ಚಿ ಬಿಟ್ಟು ಏಳುತ್ತಿದ್ದರು. ಅಪ್ಪನ ತಾಯಿ, ನಮ್ಮ ಆಯಿ, ಹಾಲಿಗೆ ನೀರು ಬೆರೆಸುವ ಗೌಳಿಗನಿಗೆ ಪೇಪರಿನ್ಯಾಗ ಹಾಕಸ್ತೇನಿ ನೋಡು ಎಂದು ಹೆದರಿಸಿದರೆ ಮರುದಿನ ಹಾಲು ಗಟ್ಟಿ ಬರುತ್ತಿತ್ತು. ಸಾಲಿಯಲ್ಲಿ ಮಾಸ್ತರರು ನನ್ನನ್ನು ಮುಂದಿನ ಸಾಲಿನಲ್ಲಿ ಕೂಡಿಸುತ್ತಿದ್ದರು. ನಾನು ಜಾಣೆಯೆಂದು ಕೂಡಿಸಿದ್ದಾರೆ ಅಂದುಕೊಂಡು ಉಬ್ಬಿದ್ದೆ.

ಅಪ್ಪ ಸುದ್ದಿ ಕಳಿಸುತ್ತಿದ್ದ ರೀತಿ ಹೇಳಬೇಕು. ಇಳಕಲ್ಲಿನಿಂದ ಸುದ್ದಿಯ ಪಾಕೀಟು ಎರಡು ಗಂಟೆಯ ಬಸ್ಸಿಗೆ ಕಂಡಕ್ಟರ್ ಕೈಯಲ್ಲಿ ಪೇಪರಿನ ಕಚೇರಿಗೆ ಹೋಗಬೇಕು. ಅದು ತಪ್ಪಿದರೆ ಮರುದಿನದ ಪೇಪರಿಗೆ ಸುದ್ದಿ ಇಲ್ಲ. ಊರಿನ ಸಭೆ ಸಮಾರಂಭಗಳಾದರೋ ಸಂಜೆ ಐದರ ಮೇಲೆ. ಇದಕ್ಕೆ ಅಪ್ಪ ಕಂಡುಕೊಂಡ ಉಪಾಯವೆಂದರೆ ಆಮಂತ್ರಣ ಪತ್ರಿಕೆಯನ್ನು ಎದುರಿಗಿಟ್ಟುಕೊಂಡು, ಸಂಜೆ ಆಗಬೇಕಾದದ್ದನ್ನು ಮಧ್ಯಾಹ್ನವೇ ಆಗಿಹೋದಂತೆ ಬರೆಯುವುದು. ಕಾರ್ಯಕ್ರಮವು ಅದ್ದೂರಿಯಾಗಿ ಜರುಗಿತು. ಅಧ್ಯಕ್ಷರು ಮಾರ್ಮಿಕವಾಗಿ ನುಡಿದರು. ಸಭಿಕರು ತದೇಕಚಿತ್ತರಾಗಿ ಆಲಿಸಿದರು. ಒಮ್ಮೆ ಮುಖ್ಯ ಅತಿಥಿಯ ಮೋಟಾರು ಅಮೀನಗಡದ ಹತ್ತಿರ ಕೆಟ್ಟು ನಿಂತು ಮನುಷ್ಯ ಇಳಕಲ್ಲಿಗೆ ಬರಲೇ ಇಲ್ಲ. ಮರುದಿನದ ಪೇಪರಿನಲ್ಲಿ ಆತನ ಭಾಷಣ ಎರಡು ಕಾಲಂ ಬಂದಿತ್ತು. ಆತ ಸಿಟ್ಟಾಗಬೇಕಲ್ಲವೇ? ಇಲ್ಲ, ಅಷ್ಟು ಚೆನ್ನಾಗಿ ತಾನು ಎಂದೂ ಮಾತಾಡಿರಲಿಲ್ಲವೆಂದು ಅಪ್ಪನಿಗೆ ಕಾಗದ ಬರೆದು ಇನ್ನೆರಡು ಪ್ರತಿ ತರಿಸಿಕೊಂಡ. ಆ ಕಾಗದವನ್ನು ಅಪ್ಪ ಬಂದವರಿಗೆಲ್ಲ ತೋರಿಸಿ ನಗುತ್ತಿದ್ದರು, ಮನೆಮಂದಿಯೆಲ್ಲ ನಗುತ್ತಿದ್ದೆವು, ಅವ್ವನೂ ನಕ್ಕಿದ್ದಳು. ಯಾರಿಗೂ ನೋವಾಗದ ಸುಳ್ಳು ಎಂದು ತಿಳಿದಿದ್ದೆವು. ಅದು ಒಂದು ದಿನ ನಮ್ಮ ಪಡಸಾಲೆಗೇ ಬರಬಹುದೆಂದು ಯಾರಿಗೂ ಹೊಳೆಯಲಿಲ್ಲ.

ಪಡಸಾಲೆಯಲ್ಲಿದ್ದದ್ದು ಅಪ್ಪನ ತಂದೆ, ನಮ್ಮ ಮುತ್ಯಾನ ಕಾಲದ, ನೆಲದ ಕುಣಿಯಲ್ಲಿ ಕಾಲು ಇಳಿಬಿಟ್ಟು ನೇಯುವ ಕುಣಿಮಗ್ಗ. ಮುತ್ಯಾ ತೀರಿದ ಮೇಲೆ ಅದರಲ್ಲಿ ಕೂತವಳು ಅವ್ವ. ಅಪ್ಪನಿಗೆ ಲಾಳಿ ಹಿಡಿಯಲು ಬರುತ್ತಿರಲಿಲ್ಲ. ಕಲಿಸಲು ಹೋದರೆ ಬಿಳಿಯ ಪೈಜಾಮಕ್ಕೆ ಗಂಜಿ ಹತ್ತುತ್ತದೆ ಎನ್ನುತ್ತಿದ್ದರು. ಬೆಳಗಿನ ರೊಟ್ಟಿ ಬಡಿದು, ಆಯಿಗೆ ಚಹಾ ಕೊಟ್ಟು, ಅವ್ವ ಕುಣಿಗೆ ಇಳಿದರೆ ಮಧ್ಯಾಹ್ನದವರೆಗೆ ಲಾಳಿಯ ಸಪ್ಪಳ. ಟೋಪಿ ತೆನೆ ಎನ್ನುವ ಚಿತ್ತಾರದ ಕೆಂಪು ಸೆರಗನ್ನು ಸೀರೆಯ ಒಡಲಿಗೆ ಕೂಡಿಸುವಾಗ, ಒಂದೊಂದೇ ಎಳೆಗೆ ಕೊಂಡಿ ಹಾಕುವ ಆ ಕೆಲಸದಲ್ಲಿ, ಅವಳ ಕೈಗೆ ಸಮನಾದ ಗಂಡಸು ನಮ್ಮ ಓಣಿಯಲ್ಲಿರಲಿಲ್ಲ. ಆದರೆ ನೇಕಾರರ ಸಂಘದ ಪಟ್ಟಿಯಲ್ಲಿ ನಮ್ಮ ಮಗ್ಗದ ನೇಕಾರ ಅಪ್ಪ. ನೂಲು ಅಪ್ಪನ ಹೆಸರಿಗೆ ಬರುತ್ತಿತ್ತು, ಸೀರೆ ಅಪ್ಪನ ಹೆಸರಿನಲ್ಲಿ ಹೋಗುತ್ತಿತ್ತು, ಒಳ್ಳೆಯ ಸೀರೆಗೆ ಸಂಘದವರು ಹೊದಿಸಿದ ಶಾಲೂ ಅಪ್ಪನ ಹೆಗಲಿಗೇ ಬಿದ್ದಿತು. ಆ ಶಾಲು ಹೊದ್ದ ಫೋಟೋ ಗೋಡೆಯ ಮೇಲಿತ್ತು. ಅದರ ಕೆಳಗೆ ಅವ್ವ ಬೆನ್ನು ಬಾಗಿಸಿ ನೇಯುತ್ತಿದ್ದಳು. ಇದನ್ನು ಕಂಡು ನಮ್ಮಲ್ಲಿ ಯಾರಿಗೂ ನಾಚಿಕೆಯಾಗಲಿಲ್ಲ ಎಂಬುದೇ ಈಗ ನನ್ನನ್ನು ನಾಚಿಸುತ್ತದೆ.

ಪೇಪರಿನ ಕಟ್ಟು ಬೆಳಗಿನ ಬಸ್ಸಿಗೆ ಬರುತ್ತಿತ್ತು. ಮಧ್ಯಾಹ್ನದ ಸೂಟಿಗೆ ನಾನು ಸಾಲಿಯಿಂದ ಓಡಿ ಬಂದು ಅವ್ವನಿಗೆ ಓದಿ ಹೇಳಬೇಕು. ಅವ್ವನಿಗೆ ಓದು ಬರುತ್ತಿರಲಿಲ್ಲ, ಆದರೆ ಕೇಳದೆ ಬಿಡುತ್ತಿರಲಿಲ್ಲ. ಎದುರು ಮನೆಯ ಗಂಗವ್ವ ತನ್ನ ರಾಟಿಯನ್ನು ನಮ್ಮ ಪಡಸಾಲೆಗೇ ಹೊತ್ತು ತರುತ್ತಿದ್ದಳು. ಅವಳು ಗಂಡ ಸತ್ತವಳು, ಅವಳ ಮಗ್ಗ ಮೈದುನನ ಹೆಸರಿನಲ್ಲಿತ್ತು. ಇನ್ನೂ ನಾಲ್ಕಾರು ಹೆಂಗಸರು ಲಾಳಿಯ ಕಂಡಿಕೆಗೆ ನೂಲು ಸುತ್ತುತ್ತ ಕೂಡುತ್ತಿದ್ದರು. ಯುದ್ಧ, ಎಲೆಕ್ಷನ್ನು, ಬಾದಾಮಿಯಲ್ಲಿ ಸಿಡಿಲು ಬಡಿದ ಎಮ್ಮೆ, ಎಲ್ಲವನ್ನೂ ನಾನು ಒಂದೇ ರಾಗದಲ್ಲಿ ಓದುತ್ತಿದ್ದೆ, ಅವರು ಎಲ್ಲವನ್ನೂ ಒಂದೇ ನಂಬಿಗೆಯಿಂದ ಕೇಳುತ್ತಿದ್ದರು. ಅಲ್ಲಿಯೇ ಒಂದು ದಿನ ಎಲ್ಲಿಯೋ ಹೆಣ್ಣುಮಕ್ಕಳು ತಮ್ಮ ಹೆಸರಿನಲ್ಲೇ ಹಾಲಿನ ಸಂಘದ ಸದಸ್ಯರಾದ ಸುದ್ದಿ ಬಂದಿತ್ತು. ಅವ್ವ ಲಾಳಿ ನಿಲ್ಲಿಸಿ ಅದನ್ನು ಮೂರು ಸಲ ಓದಿಸಿದಳು. ಮಗ್ಗದಲ್ಲಿ ಕೂತವರಿಗೆ ನೇಕಾರರ ಸಂಘದ ಸದಸ್ಯತ್ವ ಕೊಡಬೇಕು ಎಂಬ ಅರ್ಜಿ ಹುಟ್ಟಿದ್ದು ಆ ಮಧ್ಯಾಹ್ನ. ಹೆಬ್ಬೆಟ್ಟು ಒತ್ತಿದವರು ಎಂಟು ಜನ. ಒಂದು ಮಗ್ಗಕ್ಕೆ ಒಂದೇ ಹೆಸರು ಎಂಬುದು ಸಂಘದ ಕಾನೂನು. ಅವ್ವನ ಹೆಸರು ಬರಬೇಕೆಂದರೆ ಅಪ್ಪನ ಹೆಸರು ಹೋಗಬೇಕು. ಇದು ಇಬ್ಬರಿಗೂ ಗೊತ್ತಿತ್ತು, ಇಬ್ಬರೂ ಬಾಯಿ ಬಿಟ್ಟು ಆಡಿರಲಿಲ್ಲ.

ಅರ್ಜಿಯ ಸಲುವಾಗಿ ಸಂಘದ ಸಭೆ ಗೊತ್ತಾದದ್ದು ಒಂದು ರವಿವಾರ ಸಂಜೆಗೆ. ಅಂದು ಮಧ್ಯಾಹ್ನ ಸಂಘದ ಅಧ್ಯಕ್ಷರ ಮನೆಯಿಂದ ಒಂದು ಹಾಳೆ ಬಂತು. ಸಂಜೆ ಮಾಡಬೇಕಾದ ಠರಾವು ಅದರಲ್ಲಿ ಆಗಲೇ ತಯಾರಾಗಿತ್ತು. ಮನೆಯೊಳಗಿನ ಕೆಲಸ ಮನೆತನದ ಕೆಲಸವಾದ್ದರಿಂದ ಸದಸ್ಯತ್ವ ಯಜಮಾನರ ಹೆಸರಿನಲ್ಲಿಯೇ ಮುಂದುವರಿಯಲಿ ಎಂದು ಮಹಿಳೆಯರೇ ಒಪ್ಪಿ, ಅರ್ಜಿ ಹಿಂದಕ್ಕೆ ಪಡೆದರಂತೆ. ಅಪ್ಪ ಪೆನ್ನಿಗೆ ಶಾಯಿ ತುಂಬಿಕೊಂಡು ಬರೆಯಲು ಕೂತರು. ಬರೆದದ್ದನ್ನು ಗಟ್ಟಿಯಾಗಿ ಓದಿ ನೋಡುವುದು ಅವರ ರೂಢಿ. ಸರ್ವಾನುಮತದಿಂದ ಅಂಗೀಕರಿಸಲಾಯಿತು ಎಂಬಲ್ಲಿಗೆ ಬಂದಾಗ ಅವ್ವ ಮಗ್ಗದಿಂದ ಎದ್ದು, ಜೋಳದ ಚೀಲ ದಾಟಿ ಬಂದು, ಅವರ ಮೇಜಿನ ಮುಂದೆ ನಿಂತಳು.

"ನಾ ಒಪ್ಪಿಲ್ಲರಿ. ಸಭಾ ಇನ್ನೂ ಆಗೇ ಇಲ್ಲ."

"ಎಲ್ಲಾರೂ ಒಪ್ಪ್ಯಾರಂತ ಅಧ್ಯಕ್ಷರು ಹೇಳ್ಯಾರ. ನೀ ಒಬ್ಬಾಕಿ ಒಪ್ಪಲಿಲ್ಲಂದ್ರ ಪೇಪರು ನಿಂದರತೈತೇನು? ಬಸ್ಸಿನ ಹೊತ್ತಾತು, ಸರಿ."

ಸರಿ ಎಂದದ್ದು ಪಕ್ಕಕ್ಕೆ ಸರಿ ಎಂಬ ಅರ್ಥದಲ್ಲಿ. ಅವ್ವ ಸರಿದಳು. ಪಾಕೀಟು ಎರಡು ಗಂಟೆಯ ಬಸ್ಸಿಗೆ ಹೋಯಿತು. ಸುದ್ದಿ ಕಳಿಸಿ ಆಗಿದ್ದರಿಂದ ಅಪ್ಪ ಸಭೆಗೆ ಹೋಗುವ ತ್ರಾಸು ತೆಗೆದುಕೊಳ್ಳಲಿಲ್ಲ. ಹುನಗುಂದದಲ್ಲಿ ಯಾರದೋ ಮದುವೆಯ ಮಾತುಕತೆಗೆ ಹೋದರು.

ಸಭೆಗೆ ಅವ್ವನ ಜೊತೆ ನಾನು ಹೋದೆ. ನನಗಾಗ ಹನ್ನೆರಡರ ಹತ್ತಿರದ ವಯಸ್ಸು. ಗಂಡಸರು ಕುರ್ಚಿಗಳ ಮೇಲೆ, ಹೆಂಗಸರು ಹಿಂದೆ ಜಮಖಾನದ ಮೇಲೆ. ಅಧ್ಯಕ್ಷರು ಅದೇ ಹಾಳೆಯನ್ನು ಓದಿ, ಎಲ್ಲಾರದೂ ಒಪ್ಪಿಗೆ ಐತೆಲ್ಲಾ ಎಂದು ಕೇಳಿ, ಉತ್ತರಕ್ಕೆ ಕಾಯದೆ ಹಾಳೆ ಮಡಚತೊಡಗಿದರು. ಅವ್ವ ಎದ್ದು ನಿಂತಳು. ಆ ಊರಿನಲ್ಲಿ, ಅಷ್ಟು ಗಂಡಸರ ಮುಂದೆ, ಬಾತ್ಮೀದಾರರ ಹೆಂಡತಿ ಸೆರಗು ಸರಿಪಡಿಸಿಕೊಂಡು ಎದ್ದು ನಿಂತಳು. ಪಕ್ಕದಲ್ಲೇ ಕೂತ ನಾನು ತಲೆ ಎತ್ತಿ ಅವಳನ್ನು ನೋಡಿದೆ.

"ಮಗ್ಗದಾಗ ಕೂಡಾಕಿ ನಾನರಿ. ನೂಲು ನನ್ನ ಹೆಸರಿಲೆ ಕೊಡ್ರಿ. ಅರ್ಜಿ ನಾವು ಹಿಂದಕ್ಕ ತಗೊಂಡಿಲ್ಲ."

ಗಂಗವ್ವ ಎದ್ದಳು. ಆಮೇಲೆ ಒಬ್ಬೊಬ್ಬರಾಗಿ ಎಂಟೂ ಜನ ಎದ್ದರು. ಕುರ್ಚಿಗಳಲ್ಲಿ ಗದ್ದಲವಾಯಿತು, ಅಧ್ಯಕ್ಷರು ಮುಂದಿನ ಸಭೆಯಲ್ಲಿ ನೋಡೋಣ ಎಂದು ಹೇಳಿ ಎದ್ದುಬಿಟ್ಟರು, ಠರಾವು ಆಗಲಿಲ್ಲ, ದೀಪ ಆರಿಸಿ ಬೀಗ ಹಾಕಿದರು. ನಾವು ಅಂಗಳ ಬಿಟ್ಟು ಬಂದದ್ದು ಬೀಗ ಬಿದ್ದ ಮೇಲೆಯೇ. ದಾರಿಯಲ್ಲಿ ಅವ್ವ ಚುರುಮುರಿ ಕೊಡಿಸಿದಳು. ಓಣಿಯುದ್ದಕ್ಕೂ ಹೆಂಗಸರು ಒಬ್ಬರ ಕೈ ಒಬ್ಬರು ಹಿಡಿದು ನಗುತ್ತ ನಡೆದರು. ಅವ್ವ ಅಷ್ಟು ಎತ್ತರ ಇದ್ದಾಳೆಂದು ನನಗೆ ಅಂದೇ ಗೊತ್ತಾದದ್ದು.

ಮರುದಿನ ಸೂಟಿಗೆ ಬಂದು ಪೇಪರು ಬಿಚ್ಚಿದೆ. ಮೂರನೆಯ ಪುಟದಲ್ಲಿ ನಮ್ಮ ಊರಿನ ಹೆಸರಿನ ಕೆಳಗೆ ಅದು ಇತ್ತು. ಸಾಲು ಬಿಟ್ಟು ಓದಬಹುದಿತ್ತು. ಆದರೆ ಪೇಪರಿನಲ್ಲಿ ಇದ್ದದ್ದನ್ನು ಇದ್ದಂತೆ ಓದಬೇಕೆಂದು ಕಲಿಸಿದ್ದರಲ್ಲ, ಓದಿದೆ. ಮಹಿಳೆಯರು ಅರ್ಜಿಯನ್ನು ಸಂತೋಷದಿಂದ ಹಿಂದಕ್ಕೆ ಪಡೆದರು, ಠರಾವನ್ನು ಸರ್ವಾನುಮತದಿಂದ ಅಂಗೀಕರಿಸಲಾಯಿತು. ರಾಟಿಗಳು ನಿಂತವು. ಹಿಂದಿನ ಸಂಜೆ ಅಲ್ಲಿ ಎದ್ದು ನಿಂತ ಎಂಟು ಜನರಲ್ಲಿ ಐವರು ಅದೇ ಪಡಸಾಲೆಯಲ್ಲಿ ಕೂತಿದ್ದರು. ಇವರು ಈಗ ಕೂಗಾಡುತ್ತಾರೆ, ಅಪ್ಪನ ಮೇಜಿನ ಮೇಲಿದ್ದುದನ್ನೆಲ್ಲ ಬೀದಿಗೆ ಎಸೆಯುತ್ತಾರೆ ಎಂದು ನಾನು ಹೆದರಿದ್ದೆ. ಅವರು ಮಾಡಿದ್ದು ಅದಕ್ಕಿಂತ ಭೀಕರ. ಗಂಗವ್ವ ತನ್ನನ್ನೇ ಸಮಾಧಾನ ಮಾಡಿಕೊಳ್ಳುವವಳಂತೆ ಹೇಳಿದಳು:

"ನಾವು ಎದ್ದು ಬಂದ ಮ್ಯಾಲ ಮತ್ತ ಕೂಡಿ ಠರಾವು ಮಾಡಿರಬೇಕು ಬಿಡವಾ. ಇಲ್ಲಂದ್ರ ಪೇಪರಿನ್ಯಾಗ ಹೆಂಗ ಬರತೈತಿ?"

ಬೀಗ ಹಾಕಿದ್ದನ್ನು ನಾವೇ ನೋಡಿದ್ದೆವು ಎಂದು ಅವ್ವ ಹೇಳಿದಳು. ಹಿಂದಿನ ಬಾಗಿಲು ತೆಗೆದಿದ್ದರೋ ಏನೋ ಎಂದು ಇನ್ನೊಬ್ಬಳು ಅಂದಳು. ಆ ಸಂಘದ ಕಟ್ಟಡಕ್ಕೆ ಹಿಂದಿನ ಬಾಗಿಲೇ ಇರಲಿಲ್ಲ. ಅವರಿಗೆ ಪೇಪರು ಸುಳ್ಳಾಗುವುದಕ್ಕಿಂತ ಗೋಡೆಯಲ್ಲಿ ಬಾಗಿಲು ಹುಟ್ಟುವುದು ಸುಲಭವಾಗಿತ್ತು. ಆ ಹೆಂಗಸರ ಮೇಲೆ ನನಗೆ ಬಹಳ ವರ್ಷ ಸಿಟ್ಟಿತ್ತು. ಈಗ ಆ ಸಿಟ್ಟು ಅವರನ್ನು ಬಿಟ್ಟು, ಓದು ಬಾರದವರಿಗೆ ಅಕ್ಷರದ ಮೇಲಿದ್ದ ಭಕ್ತಿಯನ್ನು ಹೀಗೆ ಬಳಸಿಕೊಂಡವರ ಕಡೆಗೆ ತಿರುಗಿದೆ. ಎಂಟು ಜನ ಹೆಂಗಸರಿಗೆ ತಮ್ಮ ಕಾಲ ಮೇಲೆ ತಾವು ನಿಂತದ್ದನ್ನೇ ಮರೆಸುವ ಪೇಪರು ಎಷ್ಟು ದೊಡ್ಡದಾದರೇನು, ಎಷ್ಟು ಹಳೆಯದಾದರೇನು?

ಅಂದು ಸಂಜೆ ಅಪ್ಪ ಬಂದು ಕಾಲು ತೊಳೆಯುವುದಕ್ಕೂ ಬಿಡದೆ ಅವ್ವ ತಿದ್ದುಪಡಿ ಬರೆಯಿರಿ ಎಂದಳು. ಅಪ್ಪ ಮೊದಲು ನಕ್ಕರು, ಆಮೇಲೆ ರೇಗಿದರು, ಕೊನೆಗೆ ಬೇಡಿಕೊಂಡಂತೆ ಮಾತಾಡಿದರು. ತಪ್ಪು ಸುದ್ದಿ ಕೊಟ್ಟೆನೆಂದು ತಾನೇ ಬರೆದರೆ ನಾಳೆಯಿಂದ ತನ್ನ ಒಂದು ಅಕ್ಷರವನ್ನೂ ಅಚ್ಚು ಹಾಕುವುದಿಲ್ಲ, ಸಭೆಗೇ ಹೋಗಿರಲಿಲ್ಲವೆಂದು ಗೊತ್ತಾದರೆ ಬೋರ್ಡು ಇಳಿಸುತ್ತಾರೆ, ಊರಿನಲ್ಲಿ ತಲೆ ಎತ್ತುವುದು ಹೇಗೆ ಎಂದರು. ಆಯಿ ಅಡಿಗೆಮನೆಯಿಂದಲೇ, ಗಂಡನ ಹೆಸರು ಅಳಿಸಿ ತನ್ನ ಹೆಸರು ಬರೆಸಬೇಕೆನ್ನುವವಳು ನಮ್ಮ ಮನೆತನದಲ್ಲಿ ಹುಟ್ಟಿರಲಿಲ್ಲ ಎಂದಳು. ವಾರದೊಳಗೆ ಸಂಘದವರು ಪೇಪರಿನ ಆ ತುಂಡನ್ನು ಕತ್ತರಿಸಿ ಠರಾವು ಪುಸ್ತಕಕ್ಕೆ ಅಂಟಿಸಿ, ಅದರ ಕೆಳಗೆ ರುಜು ಮಾಡಿ ಅರ್ಜಿಯನ್ನು ಮುಗಿಸಿದರು. ಮುಂದಿನ ಸಭೆ ಎಂದದ್ದು ಬರಲೇ ಇಲ್ಲ. ಆಗಿಹೋದದ್ದಕ್ಕೆ ಇನ್ನೊಂದು ಸಭೆ ಯಾಕೆ?

ಆಗ ಅವ್ವ ನನ್ನಿಂದ ಪೇಪರಿನ ಸಂಪಾದಕರಿಗೆ ಕಾಗದ ಬರೆಸಿದಳು. ಒಂದು ಮಧ್ಯಾಹ್ನ, ಅಪ್ಪ ಹೊರಗೆ ಹೋದಾಗ, ನನ್ನ ಸಾಲಿಯ ವಹಿಯಿಂದ ಹಾಳೆ ಹರಿದು. ಆದದ್ದನ್ನು ಆದಂತೆ ಹೇಳಿದಳು, ಗಂಡನನ್ನು ಎಲ್ಲಿಯೂ ದೂರಲಿಲ್ಲ, ನಿಮ್ಮ ಬಾತ್ಮೀದಾರರಿಗೆ ಯಾರೋ ತಪ್ಪು ತಿಳಿಸಿರಬೇಕು ಎಂದೇ ಬರೆಸಿದಳು. ಕೆಳಗೆ ಹೆಬ್ಬೆಟ್ಟು ಒತ್ತಿದಳು. ಅವಳಿಗೂ ಪೇಪರಿನ ಮೇಲೆ ನಂಬಿಗೆ ಹೋಗಿರಲಿಲ್ಲ. ಅಲ್ಲಿ ಕೂತ ದೊಡ್ಡವರಿಗೆ ಖರೆ ತಿಳಿದರೆ ಅವರು ಸುಮ್ಮನಿರುವುದಿಲ್ಲ ಎಂದು ನನಗೆ ಹೇಳಿ, ತಾನೇ ನಡೆದು ಹೋಗಿ ಪೋಸ್ಟಿನ ಡಬ್ಬಿಗೆ ಹಾಕಿ ಬಂದಳು.

ಹದಿನೈದು ದಿನಕ್ಕೆ ಆ ಕಾಗದ ನಮ್ಮ ಮನೆಗೇ ವಾಪಸು ಬಂತು. ಪೇಪರಿನ ಕಟ್ಟಿನೊಳಗೆ, ಅಪ್ಪನ ಹೆಸರಿನ ಪಾಕೀಟಿನಲ್ಲಿ. ಯಾವ ಊರಿನ ದೂರು ಬಂದರೂ ಅದನ್ನು ಆ ಊರಿನ ಬಾತ್ಮೀದಾರನಿಗೇ ಕಳಿಸಿ ವಿಚಾರಿಸುವುದು ಅವರ ಕಚೇರಿಯ ಪದ್ಧತಿಯಂತೆ. ಕದ್ದನೆಂದು ದೂರು ಕೊಟ್ಟರೆ ಕದ್ದವನನ್ನೇ ಕರೆದು ನಿಜವೇನಪ್ಪ ಎಂದು ಕೇಳಿದ ಹಾಗೆ. ಅಂಚಿನಲ್ಲಿ ಕೆಂಪು ಶಾಯಿಯಿಂದ, ಪ್ರತ್ಯಕ್ಷ ವಿಚಾರಿಸಿ ಕೂಡಲೇ ತಿಳಿಸುವುದು ಎಂದು ಬರೆದಿದ್ದರು.

ಅಪ್ಪ ಅದನ್ನು ಮಧ್ಯಾಹ್ನ ಊಟಕ್ಕೆ ಕೂತಾಗ ತಾಟಿನ ಪಕ್ಕದಲ್ಲಿ ಇಟ್ಟುಕೊಂಡರು. ನನ್ನ ಗುಂಡು ಅಕ್ಷರ ದೂರದಿಂದಲೇ ಕಾಣುತ್ತಿತ್ತು. ಅಪ್ಪ ಬೈಯಲಿಲ್ಲ, ಕೈ ಎತ್ತಲಿಲ್ಲ. ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದ ಅವ್ವ ತಿರುಗಿ ಕಾಗದ ನೋಡಿದಳು, ಗುರುತು ಹಿಡಿದಳು.

"ಖರೆ ಏನೈತಿ ಅದನ್ನ ಬರೀರಿ. ನಾ ಮತ್ತೇನೂ ಕೇಳೂದಿಲ್ಲ."

"ನಾ ಅಲ್ಲಿ ಇರಲಿಲ್ಲ. ಇದ್ದವರನ್ನ ಕೇಳಿ ಬರೀಬೇಕು," ಎಂದ ಅಪ್ಪ ನನ್ನ ಕಡೆ ತಿರುಗಿದರು. "ನೀ ಹೋಗಿದ್ದೆಲ್ಲ ನೀಲಾ. ನಿಮ್ಮವ್ವ ಎದ್ದು ನಿಂತಿದ್ಲೇನು?"

ನಾನು ಈ ಪ್ರಶ್ನೆಯನ್ನು ಅಪ್ಪನ ಕುತಂತ್ರ ಎಂದು ಬಹಳ ದಿನ ನಂಬಿದ್ದೆ. ಈಗ ಅನ್ನಿಸುತ್ತದೆ, ಅವರ ಕಣ್ಣಿನಲ್ಲಿ ಅಂಜಿಕೆಯೂ ಇತ್ತು, ಹೂಂ ಎಂದುಬಿಡು, ನಾನು ಪಾರಾಗುತ್ತೇನೆ ಎನ್ನುವಂಥದ್ದೂ ಏನೋ ಇತ್ತು. ಹೂಂ ಎಂದಿದ್ದರೆ ಅವರು ಬರೆಯುತ್ತಿದ್ದರೋ ಏನೋ. ಆದರೆ ನನ್ನ ತಲೆಯಲ್ಲಿ ಇದ್ದದ್ದು ಸಾಲಿಯ ಮುಂದಿನ ಸಾಲು. ಬೋರ್ಡು ಇಳಿದರೆ ನನ್ನನ್ನು ಎಲ್ಲಿ ಕೂಡಿಸುತ್ತಾರೆ ಎಂಬ ಒಂದೇ ಲೆಕ್ಕ. ಅವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸಿದ್ದಳು. ನಾನು ತಾಟು ನೋಡುತ್ತ ಹೇಳಿದೆ:

"ನನಗ ನೆನಪಿಲ್ಲಪ್ಪಾ."

ಅವ್ವ ಹಂಚಿನ ಮೇಲಿದ್ದ ರೊಟ್ಟಿ ತೆಗೆದು ಮೊದಲು ನನ್ನ ತಾಟಿಗೆ ಹಾಕಿದಳು, ಬಿಸಿ ಐತಿ, ಸಾವಕಾಶ ತಿನ್ನು ಎಂದಳು. ಅಪ್ಪ ಕೈ ತೊಳೆದು ಮೇಜಿಗೆ ಹೋದರು. ರೂಢಿಯಂತೆ ಗಟ್ಟಿಯಾಗಿ ಓದಿ ನೋಡಿದ್ದರಿಂದ ಏನು ಬರೆದರೆಂದು ಅವ್ವನಿಗೂ ನನಗೂ ಕೇಳಿಸಿತು. ಸಭೆಯಲ್ಲಿ ಪ್ರತ್ಯಕ್ಷ ಹಾಜರಿದ್ದವರನ್ನು ವಿಚಾರಿಸಲಾಗಿ, ಸದರಿ ದೂರು ನಿರಾಧಾರವೆಂದು ತಿಳಿದುಬಂದಿದೆ. ಆ ಪಾಕೀಟು ಕೂಡ ಎರಡು ಗಂಟೆಯ ಬಸ್ಸು ಹತ್ತಿತು.

ಅವ್ವ ಮುಂದೆ ಹದಿನಾಲ್ಕು ವರ್ಷ ಆ ಮಗ್ಗದಲ್ಲಿ ಅಪ್ಪನ ಹೆಸರಿನ ಸೀರೆಗಳನ್ನು ನೇಯ್ದಳು. ಆ ಮಧ್ಯಾಹ್ನದ ಮಾತನ್ನು ನನ್ನ ಹತ್ತಿರ ಒಮ್ಮೆಯೂ ಎತ್ತಲಿಲ್ಲ. ಎತ್ತಿ ಬೈದಿದ್ದರೆ ನಾನು ಅತ್ತು ಹಗುರಾಗುತ್ತಿದ್ದೆ, ಆ ಉಪಕಾರವನ್ನು ಅವಳು ನನಗೆ ಮಾಡಲಿಲ್ಲ. ಅಧ್ಯಕ್ಷರ ಮೇಲೆ, ಅಪ್ಪನ ಮೇಲೆ, ಪೇಪರಿನ ಮೇಲೆ ಇಷ್ಟು ಹೊತ್ತು ಸಿಟ್ಟು ಕಾರಿಕೊಂಡ ನಾನೇ ಆ ಪ್ರತ್ಯಕ್ಷ ಹಾಜರಿದ್ದವಳು. ನನಗೆ ನೆನಪಿತ್ತು. ಅವ್ವ ಎದ್ದು ನಿಂತಿದ್ದಳು, ನಾನು ಅವಳ ಸೆರಗಿನ ತುದಿಯನ್ನು ಹಿಡಿದುಕೊಂಡು ಕೂತಿದ್ದೆ.